ಪ್ಯಾಡ್ ಕೊಟ್ಟರೆ ಸಾಲದು, ಬಾಗಿಲಿಗೆ ಚಿಲಕವೂ ಬೇಕು

ಹಳ್ಳಿ ಶಾಲೆಯ ಹುಡುಗಿಯರ ಮುಟ್ಟಿನ ದಿನಗಳ ಬಗ್ಗೆ ಮುಂಬಯಿ, ಪುಣೆ, ಗೋವಾದ ಓದುಗರು ಬರೆದು ಕೇಳಿದ ಪ್ರಶ್ನೆಗಳಿಗೆ ಈ ಸಂಚಿಕೆಯ ಪುಟಗಳು ಮೀಸಲು. ಒಂದೇ ಬಗೆಯ ಪ್ರಶ್ನೆಗಳನ್ನು ಸೇರಿಸಿ ಒಂದಾಗಿಸಿದ್ದೇವೆ.

ನಮ್ಮ ಕನ್ನಡ ಸಂಘದ ಮಹಿಳಾ ವಿಭಾಗ 40,000 ರೂಪಾಯಿ ಕೂಡಿಸಿದೆ. ಜತ್ತ ತಾಲೂಕಿನ ಕನ್ನಡ ಮಾಧ್ಯಮದ ಜಿಲ್ಲಾ ಪರಿಷತ್ ಶಾಲೆಯೊಂದರಲ್ಲಿ 5ರಿಂದ 8ನೇ ತರಗತಿಯ 60 ಹುಡುಗಿಯರಿದ್ದಾರೆ. ಮೇ 28ರಂದು ಹೋಗಿ ಪ್ಯಾಡ್ ಹಂಚಬೇಕೆಂದಿದ್ದೇವೆ. ಎಷ್ಟು ಕೊಳ್ಳಬೇಕು?
– ಓದುಗರೊಬ್ಬರು, ಡೊಂಬಿವಲಿ

ಮೊದಲು ದಿನಾಂಕ ಬದಲಿಸಿ. ಮೇ 28 ಮುಟ್ಟಿನ ನೈರ್ಮಲ್ಯ ದಿನವೆಂದು 2014ರಿಂದ ಆಚರಣೆಯಲ್ಲಿದೆ, ನಿಜ. ಆದರೆ ಮಹಾರಾಷ್ಟ್ರದ ಶಾಲೆಗಳಿಗೆ ಅಂದು ಬೇಸಿಗೆ ರಜೆ. ಜೂನ್ ಕೊನೆಯ ವಾರ ಹೋಗಿ.

ಇನ್ನು ಲೆಕ್ಕ. ಅದನ್ನು ಹಂಚುವ ದಿನಕ್ಕಲ್ಲ, ವರ್ಷಕ್ಕೆ ಹಾಕಬೇಕು. ಸ್ರಾವ ಹೆಚ್ಚಿರುವ ದಿನ ಒಂದು ಪ್ಯಾಡನ್ನು ನಾಲ್ಕರಿಂದ ಆರು ಗಂಟೆಗೊಮ್ಮೆ ಬದಲಿಸಬೇಕು, ಸ್ರಾವ ಕಡಿಮೆ ಇದ್ದರೂ ಇಡೀ ದಿನ ಒಂದನ್ನೇ ಇಟ್ಟುಕೊಳ್ಳಬಾರದು. ಮೊದಲೆರಡು ದಿನ ನಾಲ್ಕು ನಾಲ್ಕು, ಮೂರನೆಯ ದಿನ ಮೂರು, ಉಳಿದೆರಡು ದಿನ ಎರಡೆರಡು ಎಂದರೆ ತಿಂಗಳಿಗೆ 15, ವರ್ಷಕ್ಕೆ 180. ಅಂಗಡಿಯಲ್ಲಿ ಸಿಗುವ ಎಂಟು ಪ್ಯಾಡಿನ ಕಟ್ಟು ಎರಡನೆಯ ದಿನ ರಾತ್ರಿಗೇ ಮುಗಿಯುತ್ತದೆ. ಮೂರನೆಯ ದಿನ ಆ ಹುಡುಗಿ ಮತ್ತೆ ಹಳೆ ಸೀರೆ ತುಂಡಿಗೆ ಬರುತ್ತಾಳೆ, ಇಲ್ಲವೇ ಶಾಲೆ ತಪ್ಪಿಸುತ್ತಾಳೆ.

60 ಹುಡುಗಿಯರಿಗೂ ಮುಟ್ಟು ಶುರುವಾಗಿರುವುದಿಲ್ಲ. ಶಿಕ್ಷಕಿ ಅಥವಾ ಊರಿನ ಆಶಾ ಕಾರ್ಯಕರ್ತೆಯಿಂದ ಸಂಖ್ಯೆ ತಿಳಿದುಕೊಳ್ಳಿ. 35 ಎಂದಿಟ್ಟುಕೊಂಡರೆ ವರ್ಷಕ್ಕೆ 6,300 ಪ್ಯಾಡ್. ಉಳಿದ 25 ಹುಡುಗಿಯರಿಗೆ ತಲಾ 8ರಂತೆ 200, ಯಾಕೆಂದರೆ ನಾಳೆಯೇ ತರಗತಿಯಲ್ಲಿ ಕುಳಿತಾಗ ಶುರುವಾಗಬಹುದು. ತುರ್ತಿಗೆಂದು ಶಾಲೆಯಲ್ಲಿ 300. ಒಟ್ಟು 6,800. ಜನೌಷಧಿ ಕೇಂದ್ರದ ಸುವಿಧಾ ಪ್ಯಾಡ್ 2018ರಲ್ಲಿ ಎರಡೂವರೆ ರೂಪಾಯಿಗೆ ಬಂದು, 2019ರ ಆಗಸ್ಟ್‌ನಲ್ಲಿ ಒಂದು ರೂಪಾಯಿಗೆ ಇಳಿಯಿತು. ಆ ದರದಲ್ಲಿ 6,800 ರೂಪಾಯಿಗೆ ವರ್ಷದ ಪ್ಯಾಡ್ ಮುಗಿಯಿತು. ಇಷ್ಟೊಂದು ಸರಕು ಒಂದೇ ಕೇಂದ್ರದಲ್ಲಿ ಇರುವುದಿಲ್ಲ, ಮುಂಚಿತವಾಗಿ ಹೇಳಿ ತರಿಸಬೇಕು. ಕೊಳ್ಳುವ ಮೊದಲು ನಾಲ್ಕೈದು ಹುಡುಗಿಯರಿಗೆ ಒಂದು ತಿಂಗಳ ಮಟ್ಟಿಗೆ ಕೊಟ್ಟು ನೋಡಿ, ಸ್ರಾವ ಹೆಚ್ಚಿರುವವರಿಗೆ ಉದ್ದದ್ದು ಬೇಕಾದೀತು.

ಸರ್ಕಾರದಿಂದ ಬರುವುದರ ಮೇಲೆ ನಿಮ್ಮದನ್ನು ಸುರಿಯಬೇಡಿ. 2018ರ ಮಾರ್ಚ್ 8ರಂದು ಶುರುವಾದ ಮಹಾರಾಷ್ಟ್ರದ ಅಸ್ಮಿತಾ ಯೋಜನೆಯಲ್ಲಿ ಜಿಲ್ಲಾ ಪರಿಷತ್ ಶಾಲೆಯ ಹುಡುಗಿಯರಿಗೆ 8 ಪ್ಯಾಡಿನ ಕಟ್ಟಿಗೆ 5 ರೂಪಾಯಿ ಎಂದು ನಿಗದಿಯಾಯಿತು. ಆಶಾ ಮೂಲಕ 6 ಪ್ಯಾಡಿಗೆ 6 ರೂಪಾಯಿಯ ಕೇಂದ್ರ ಯೋಜನೆ 2011ರದ್ದು. ನಿಮ್ಮ ಊರಿಗೆ ಅವು ನಿಜವಾಗಿ ಬರುತ್ತಿವೆಯೇ, ಎಷ್ಟು ತಿಂಗಳಿಗೊಮ್ಮೆ ಬರುತ್ತಿವೆ ಎಂದು ಕೇಳಿ, ಕೊರತೆ ಇರುವಷ್ಟು ತುಂಬಿ.

ಈಗ ಹೆಚ್ಚಿನವರು ಮರೆಯುವ ವಸ್ತು: ಒಳಚಡ್ಡಿ. ಪ್ಯಾಡಿನ ಅಂಟು ಹಿಡಿಯಲು ಗಟ್ಟಿ ಒಳಚಡ್ಡಿ ಬೇಕು. ಒಂದೇ ಒಂದು ಇರುವವಳಿಗೆ, ಅದೂ ಇಲಾಸ್ಟಿಕ್ ಸಡಿಲವಾಗಿದ್ದರೆ, ಎಂಥ ಒಳ್ಳೆಯ ಪ್ಯಾಡೂ ಜಾರುತ್ತದೆ. ತಲಾ ಮೂರರಂತೆ 180. ಸಗಟಿನಲ್ಲಿ ಒಂದಕ್ಕೆ 50 ರೂಪಾಯಿ ಹಿಡಿದರೂ 9,000. ಇದನ್ನು 60 ಹುಡುಗಿಯರಿಗೂ ಕೊಡಿ, ಆಗ ಯಾರಿಗೆ ಮುಟ್ಟು ಶುರುವಾಗಿದೆ, ಯಾರಿಗಿಲ್ಲ ಎಂಬುದು ಊರಿಗೆ ತಿಳಿಯುವುದಿಲ್ಲ. ಉಳಿಯುವ 24,200ಕ್ಕೆ ಮೊದಲು ಶಾಲೆಯ ಶೌಚಾಲಯ ನೋಡಿ.

ಕೆಡುವುದು ಎಲ್ಲಿ ಎಂದರೆ, ಸಾಮಾನ್ಯವಾಗಿ ಹಂಚಿದ ಮರುದಿನದಿಂದ. ಪೆಟ್ಟಿಗೆ ಮುಖ್ಯಾಧ್ಯಾಪಕರ ಕಪಾಟಿನಲ್ಲಿ, ಬೀಗದ ಕೈ ಅವರ ಜೇಬಿನಲ್ಲಿ. ಹುಡುಗಿ ಕೇಳುವುದಿಲ್ಲ, ಮಳೆಗಾಲದಲ್ಲಿ ಕಟ್ಟುಗಳು ಥಂಡಿ ಹಿಡಿಯುತ್ತವೆ. ಬೀಗದ ಕೈ ಒಬ್ಬ ಶಿಕ್ಷಕಿಯ ಬಳಿ ಮತ್ತು 8ನೇ ತರಗತಿಯ ಇಬ್ಬರು ಹುಡುಗಿಯರ ಬಳಿ ಇರಲಿ. ತಗಡಿನ ಟ್ರಂಕಿನಲ್ಲಿ, ನೆಲದಿಂದ ಮೇಲೆ ಇಡಿ. ಮೂರು ಮೂರು ತಿಂಗಳ ಕಂತಿನಲ್ಲಿ ಕಳಿಸಿ. ವಹಿಯಲ್ಲಿ ಕೊಟ್ಟ ಸಂಖ್ಯೆ ಮಾತ್ರ ಬರೆಯಲಿ, ಹೆಸರು ಬೇಡ. ಇನ್ನೊಂದು: ಮನೆಯಲ್ಲಿ ತಾಯಿ, ಅಕ್ಕ, ಅತ್ತಿಗೆ ಇದ್ದರೆ ಹುಡುಗಿಯ ಪ್ಯಾಡ್ ಹಂಚಿಹೋಗುತ್ತದೆ. ಅದು ಕಳ್ಳತನವಲ್ಲ, ಅವರಿಗೂ ಬೇಕು. ಜನೌಷಧಿ ದರ ಮತ್ತು ಸಿಗುವ ಜಾಗ ಎರಡನ್ನೂ ತಾಯಂದಿರಿಗೆ ತಿಳಿಸಿ.

ಹುಡುಗಿಯರನ್ನು ವೇದಿಕೆಗೆ ಕರೆದು ಕೈಗೆ ಪ್ಯಾಡ್ ಇಟ್ಟು ಫೋಟೋ ತೆಗೆಯುವುದನ್ನು ದಯವಿಟ್ಟು ಮಾಡಬೇಡಿ. ತಿಳಿವಳಿಕೆ ಹಾಳೆ ಕನ್ನಡದಲ್ಲಿರಲಿ, ಅಲ್ಲಿನ ಮಕ್ಕಳಿಗೆ ಮುಂಬಯಿಯಿಂದ ಹೋಗುವ ಮರಾಠಿ ಹಾಳೆ ಅರ್ಧವೇ ಅರ್ಥವಾಗುತ್ತದೆ. "ಋತುಸ್ರಾವ" ಎಂದು ಬರೆಯುವ ಬದಲು ಮುಟ್ಟು, ಹೊರಗಾಗುವುದು ಎಂಬ ಮನೆಮಾತೇ ಸಾಕು.

ಜಿಎಸ್‌ಟಿ ತೆಗೆದರೂ ಪ್ಯಾಡಿನ ಬೆಲೆ ಇಳಿದಂತೆ ಕಾಣುವುದಿಲ್ಲವಲ್ಲ?
– ಲೆಕ್ಕಪತ್ರ ನೌಕರ, ಮುಲುಂಡ್

2017ರ ಜುಲೈನಲ್ಲಿ ಶೇ. 12 ತೆರಿಗೆ ಬಿತ್ತು, ಒಂದು ವರ್ಷದ ಪ್ರತಿಭಟನೆಯ ನಂತರ 2018ರ ಜುಲೈನಲ್ಲಿ ಪೂರ್ತಿ ಹೋಯಿತು. ಆದರೆ ತಿರುಳು, ಅಂಟು, ಪ್ಲಾಸ್ಟಿಕ್ ಹಾಳೆಗೆ ತಯಾರಕರು ಕಟ್ಟುವ ತೆರಿಗೆ ಉಳಿದೇ ಇದೆ. ಮಾರುವ ವಸ್ತುವಿಗೆ ತೆರಿಗೆ ವಿನಾಯಿತಿ ಇರುವುದರಿಂದ ಆ ಹಣ ಅವರಿಗೆ ವಾಪಸು ಸಿಗುವುದಿಲ್ಲ, ಅದು ಬೆಲೆಯಲ್ಲೇ ಸೇರುತ್ತದೆ.

ನಮ್ಮ ಹೊಲಿಗೆ ತರಗತಿಯ ಹೆಂಗಸರು ಬಟ್ಟೆ ಪ್ಯಾಡ್ ಹೊಲಿದು ಕಳಿಸಲು ಸಿದ್ಧರಿದ್ದಾರೆ. ಅಳತೆ ಮತ್ತು ಕ್ರಮ ತಿಳಿಸಿ. ಹಿಂದಿನ ಸಲ ಹೊಲಿದವು ಸೋರಿದವು.
– ಹೊಲಿಗೆ ಶಿಕ್ಷಕಿ, ನಿಗಡಿ, ಪುಣೆ

ಸೋರಿದ್ದಕ್ಕೆ ಕಾರಣ ಬಹುಶಃ ಸೂಜಿ ತೂತು. ಪದರ ಸರಿಯದಿರಲೆಂದು ಪ್ಯಾಡಿನ ನಡುವೆ ಉದ್ದಕ್ಕೂ ಹೊಲಿಗೆ ಹಾಕಿದರೆ ನೀರು ತಡೆಯುವ ಬಟ್ಟೆಗೂ ತೂತು ಬೀಳುತ್ತದೆ, ರಕ್ತ ಆ ದಾರಿಯಲ್ಲೇ ಇಳಿಯುತ್ತದೆ. ಗುಂಡುಪಿನ್ನು ಚುಚ್ಚಿದರೂ ಹಾಗೆಯೇ. ಪಿನ್ನಿನ ಬದಲು ಬಟ್ಟೆ ಒಣಹಾಕುವ ಕ್ಲಿಪ್ ಬಳಸಿ.

ಎರಡು ಬಗೆಯ ಬಟ್ಟೆ ಬೇಕು. ಮೈಗೆ ತಾಗುವ ಮೇಲಿನ ಪದರಕ್ಕೂ ಒಳಗಿನ ಹೀರುವ ಪದರಗಳಿಗೂ ಹತ್ತಿಯ ಫ್ಲಾನೆಲ್, ಕೆಳಗೆ ಪಿಯುಎಲ್ ಎಂಬ ನೀರು ತಡೆಯುವ ಬಟ್ಟೆ. ಪಾಲಿಯೆಸ್ಟರ್ ಬೆರೆತ ಫ್ಲಾನೆಲ್ ಕೈಗೆ ಮೆತ್ತಗಿದ್ದರೂ ಹೀರುವುದಿಲ್ಲ. ಒಂದು ಚಮಚ ನೀರು ಹಾಕಿ ನೋಡಿ, ಮಣಿಯಂತೆ ನಿಂತರೆ ಆ ಬಟ್ಟೆ ಬೇಡ. ಮೊದಲ ಸಲ ಒಗೆಯದ ಹೊಸ ಹತ್ತಿಯಲ್ಲೂ ಗಂಜಿ ಇರುವುದರಿಂದ ನೀರು ನಿಲ್ಲುತ್ತದೆ. ಹಾಗಾಗಿ ಎರಡು ಸಲ ಒಗೆದು ಒಣಗಿಸಿದ ಮೇಲೆ ಪರೀಕ್ಷಿಸಿ, ಆಮೇಲೇ ಕತ್ತರಿಸಿ. ಒಗೆಯದೆ ಕತ್ತರಿಸಿದ ಹತ್ತಿ ಆಮೇಲೆ ಕುಗ್ಗುತ್ತದೆ, ಕುಗ್ಗದ ಪಿಯುಎಲ್ ಜೊತೆ ಸೇರಿ ಪ್ಯಾಡ್ ದೋಣಿಯಂತೆ ಮುದುಡುತ್ತದೆ.

ಅಳತೆ: ಮುಗಿದ ಪ್ಯಾಡ್ 25 ಸೆಂ.ಮೀ. ಉದ್ದ, ನಡುವೆ 7 ಅಗಲ, ಎರಡೂ ರೆಕ್ಕೆ ಚಾಚಿದರೆ 17. ಸುತ್ತ 1 ಸೆಂ.ಮೀ. ಹೊಲಿಗೆ ಅಂಚು ಸೇರಿ ಹೊರ ತುಂಡು 27ಕ್ಕೆ 19. ಒಳಗಿನ ಪಟ್ಟಿ 23ಕ್ಕೆ 7, ಒಂದು ಪ್ಯಾಡಿಗೆ ಐದು. 112 ಸೆಂ.ಮೀ. ಪನ್ನದ (ಅಗಲದ) ಒಂದು ಮೀಟರ್ ಬಟ್ಟೆ ಒಗೆದ ಮೇಲೆ ಸುಮಾರು 106ಕ್ಕೆ 95 ಉಳಿಯಿತೆಂದರೆ, ಅದರಲ್ಲಿ 52 ಪಟ್ಟಿ, ಅಂದರೆ 10 ಪ್ಯಾಡಿನ ಒಳಪದರ. ಅಥವಾ 15 ಹೊರ ತುಂಡು. ಒಬ್ಬ ಹುಡುಗಿಗೆ ಆರು ಪ್ಯಾಡಿನಂತೆ 35 ಹುಡುಗಿಯರಿಗೆ 210 ಬೇಕು: ಒಳಪದರಕ್ಕೆ 21 ಮೀಟರ್, ಮೇಲ್ಪದರಕ್ಕೆ 14. ಪಿಯುಎಲ್ 150 ಸೆಂ.ಮೀ. ಪನ್ನದ್ದಾದರೆ 10 ಮೀಟರ್. ಆರರಲ್ಲಿ ಎರಡನ್ನು ರಾತ್ರಿಗೆಂದು 30 ಸೆಂ.ಮೀ. ಉದ್ದ ಹೊಲಿಯುವುದಾದರೆ ಬಟ್ಟೆ ಸ್ವಲ್ಪ ಜಾಸ್ತಿ ತನ್ನಿ.

ಕ್ರಮ ಹೀಗೆ. ಐದು ಪಟ್ಟಿಗಳನ್ನು ಒಂದರ ಮೇಲೊಂದಿಟ್ಟು ಮೇಲ್ಪದರದ ಹಿಂಬದಿಗೆ ಮಾತ್ರ ಹೊಲಿಯಿರಿ, ಈ ಹಂತದಲ್ಲಿ ಪಿಯುಎಲ್ ಮುಟ್ಟಬೇಡಿ. ಬಳಿಕ ಮೇಲ್ಪದರದ ಒಳ್ಳೆಯ ಬದಿಗೆ ಪಿಯುಎಲ್‌ನ ಬಟ್ಟೆ ಬದಿ ಎದುರಾಗುವಂತೆ, ಹೊಳಪಿನ ಬದಿ ಹೊರಗೆ ಕಾಣುವಂತೆ ಇಟ್ಟು ಸುತ್ತ ಹೊಲಿಯಿರಿ. ಒಂದು ತುದಿಯಲ್ಲಿ 7 ಸೆಂ.ಮೀ. ಬಿಡಿ. ರೆಕ್ಕೆ ತಿರುಗುವ ಮೂಲೆಗಳಲ್ಲಿ ಅಂಚಿಗೆ ಸಣ್ಣ ಕತ್ತರಿ ಕೊಡಿ, ಕೊಡದಿದ್ದರೆ ತಿರುವಿದಾಗ ನೆರಿಗೆ ಬೀಳುತ್ತದೆ. ಬಿಟ್ಟ ಬಾಯಿಂದ ತಿರುವಿ, ಅಂಚಿನಿಂದ 3 ಮಿ.ಮೀ. ಒಳಗೆ ಸುತ್ತಲೂ ಮತ್ತೊಂದು ಹೊಲಿಗೆ ಹಾಕಿದರೆ ಬಾಯಿಯೂ ಮುಚ್ಚುತ್ತದೆ. 11 ನಂಬರ್ ಸೂಜಿ, ಟಾಕು 3 ಮಿ.ಮೀ. ಇರಲಿ, ಸಣ್ಣ ಟಾಕು ಪಿಯುಎಲ್‌ನ್ನು ಹರಿಯುತ್ತದೆ. ಕೊನೆಗೆ ರೆಕ್ಕೆಗಳಿಗೆ ಟಿಚ್ ಬಟನ್: ಒಂದು ರೆಕ್ಕೆಯ ಮೇಲ್ಬದಿಗೆ, ಇನ್ನೊಂದರ ಕೆಳಬದಿಗೆ. ಎರಡನ್ನೂ ಒಂದೇ ಬದಿಗೆ ಹಾಕುವ ತಪ್ಪು ಹೊಸಬರಲ್ಲಿ ಸಾಮಾನ್ಯ, ಆಗ ಒಳಚಡ್ಡಿಯ ಕೆಳಗೆ ಬಟನ್ ಕೂಡುವುದೇ ಇಲ್ಲ.

ಪ್ರತಿ ಹತ್ತರಲ್ಲಿ ಒಂದನ್ನು ಪರೀಕ್ಷಿಸಿ. ಸುದ್ದಿಪತ್ರಿಕೆಯ ಮೇಲಿಟ್ಟು 30 ಮಿ.ಲೀ. ನೀರನ್ನು ನಿಧಾನಕ್ಕೆ ಹಾಕಿ, ಅಂಗೈಯಿಂದ ಒಂದು ನಿಮಿಷ ಒತ್ತಿ. ಕಾಗದ ಒದ್ದೆಯಾಗಬಾರದು. ಕಡು ಕೆಂಪು ಅಥವಾ ಕಂದು ಬಣ್ಣದ ಹೂವಿನ ಮುದ್ರಣ ಆರಿಸಿ, ಕಲೆ ಉಳಿದರೂ ಹಗ್ಗದ ಮೇಲೆ ಹಾಕಲು ಹುಡುಗಿ ಹಿಂಜರಿಯುವುದಿಲ್ಲ. ಮುಂದೆ ಮಾರುವ ಯೋಚನೆ ಬಂದರೆ ಮರುಬಳಕೆಯ ಪ್ಯಾಡಿಗೆ 2021ರಲ್ಲಿ ಬಂದ ಐಎಸ್ 17514 ಎಂಬ ಮಾನಕ ಇದೆ, ಅದನ್ನು ತರಿಸಿ ಓದಿ.

ಒಗೆಯುವ ವಿಧಾನವನ್ನು ಪ್ರತಿ ಚೀಲದಲ್ಲೂ ಬರೆದಿಡಿ: ತಣ್ಣೀರಿನಲ್ಲಿ ಅರ್ಧ ಗಂಟೆ ನೆನೆ, ಬಟ್ಟೆ ಸೋಪು ಹಚ್ಚಿ ತಿಕ್ಕು, ನೀರು ತಿಳಿಯಾಗುವವರೆಗೆ ಜಾಲಿಸು, ಬಿಸಿಲಿನಲ್ಲಿ ಒಣಗಿಸು. ಬಿಸಿನೀರು ಹಾಕಿದರೆ ರಕ್ತದ ಕಲೆ ಗಟ್ಟಿಯಾಗಿ ಕೂರುತ್ತದೆ. ಘಮದ ಕಂಫರ್ಟ್ ದ್ರವ ಬೇಡ, ಅದು ನೂಲಿಗೆ ಎಣ್ಣೆ ಸವರಿದಂತೆ ಅಂಟಿ ಹೀರುವಿಕೆ ಕಡಿಮೆ ಮಾಡುತ್ತದೆ.

ಜವ್ಹಾರ್ ಭಾಗದ ಆಶ್ರಮಶಾಲೆಗೆ ಬಟ್ಟೆ ಪ್ಯಾಡ್ ಕೊಟ್ಟಿದ್ದೆವು. ಜುಲೈನಲ್ಲಿ ವಿಚಾರಿಸಿದರೆ ಯಾರೂ ಬಳಸುತ್ತಿಲ್ಲ. ಹಟವೇ?
– ನಿವೃತ್ತ ಶಿಕ್ಷಕಿ, ಬೋರಿವಲಿ

ಹಟವಲ್ಲ, ಮಳೆ. ಜವ್ಹಾರ್, ಮೋಖಾಡಾದಲ್ಲಿ ಜೂನ್‌ನಿಂದ ಸೆಪ್ಟೆಂಬರ್‌ವರೆಗೆ ಆರು ಪದರದ ಬಟ್ಟೆ ಎರಡು ದಿನಕ್ಕೂ ಒಣಗುವುದಿಲ್ಲ. ಅರ್ಧ ಒಣಗಿದ್ದನ್ನು ತೊಟ್ಟರೆ ತುರಿಕೆ, ವಾಸನೆ. ವಸತಿ ಶಾಲೆಯಲ್ಲಿ ಹಗ್ಗ ಎಲ್ಲರ ಕಣ್ಣೆದುರು ಇರುತ್ತದೆ, ಆದ್ದರಿಂದ ಹುಡುಗಿಯರು ಪ್ಯಾಡನ್ನು ಲಂಗದ ಕೆಳಗೆ ಮುಚ್ಚಿ ಒಣಹಾಕುತ್ತಾರೆ, ಅದು ಇನ್ನೂ ನಿಧಾನ. ಮತ್ತೆ ಏಪ್ರಿಲ್, ಮೇ ತಿಂಗಳಲ್ಲಿ ಅದೇ ಊರುಗಳಲ್ಲಿ ಕುಡಿಯುವ ನೀರಿಗೇ ಟ್ಯಾಂಕರ್ ಕಾಯಬೇಕು, ಒಂದು ಪ್ಯಾಡಿಗೆ ಅರ್ಧ ಬಕೆಟ್ ನೀರು ಎಲ್ಲಿಂದ?

ಮಳೆಯ ನಾಲ್ಕು ತಿಂಗಳು ಮತ್ತು ನೀರಿಲ್ಲದ ಎರಡು ತಿಂಗಳು ಬಳಸಿ ಬಿಸಾಡುವ ಪ್ಯಾಡ್, ಉಳಿದ ಆರು ತಿಂಗಳು ಬಟ್ಟೆಯದು ಎಂದು ಹಂಚಿ. ಬಟ್ಟೆ ಬಳಸುವುದೇ ಹಿಂದುಳಿದದ್ದು ಎಂದು ಯಾರೂ ಹೇಳಬಾರದು. 2019–21ರ ರಾಷ್ಟ್ರೀಯ ಕುಟುಂಬ ಆರೋಗ್ಯ ಸಮೀಕ್ಷೆಯಲ್ಲಿ 15ರಿಂದ 24ರ ವಯಸ್ಸಿನ ಹೆಣ್ಣುಮಕ್ಕಳಲ್ಲಿ ಸುಮಾರು ಅರ್ಧದಷ್ಟು ಮಂದಿ ಬಟ್ಟೆ ಬಳಸುವುದಾಗಿ ಹೇಳಿದ್ದಾರೆ. ಒಗೆಯಲು ನೀರಿಲ್ಲದಿರುವುದು, ಬಿಸಿಲಿಗೆ ಹಾಕಲು ನಾಚಿಕೆ, ಇವೆರಡೇ ತೊಂದರೆಯ ಮೂಲ. ಶೌಚಾಲಯದ ಹಿಂದೆ ಬಿಸಿಲು ಬೀಳುವ ಕಡೆ, ಬಿದಿರ ತಟ್ಟಿ ಕಟ್ಟಿ ಎರಡು ಹಗ್ಗ ಹಾಕಿಸಿಕೊಡಿ. ಪ್ಯಾಡಿನ ಹಣದಲ್ಲಿ ಅದಕ್ಕಿಂತ ಒಳ್ಳೆಯ ಖರ್ಚಿಲ್ಲ.

ಕಬ್ಬು ಕಡಿಯಲು ಹೋಗುವ ಕುಟುಂಬಗಳ ಹುಡುಗಿಯರನ್ನು ತಲುಪುವುದು ಹೇಗೆ?
– ವಿದ್ಯಾರ್ಥಿನಿ, ಹಡಪ್ಸರ್, ಪುಣೆ

ಹೊರಡುವ ಮೊದಲೇ ತಲುಪಿ. ದೀಪಾವಳಿ ಹೊತ್ತಿಗೆ ಹೊರಟವರು ಏಪ್ರಿಲ್‌ವರೆಗೆ ಮರಳುವುದಿಲ್ಲ. ಶಾಲೆಗೆ ಬರುವ ಪ್ಯಾಡ್ ಆ ಹುಡುಗಿಗೆ ಸಿಗುವುದಿಲ್ಲ. ಆರು ತಿಂಗಳಿಗೆ 90 ಪ್ಯಾಡ್, ನಾಲ್ಕು ಒಳಚಡ್ಡಿ, ಹಳೆ ಪತ್ರಿಕೆಯ ತುಂಡುಗಳನ್ನು ನೀರು ಇಳಿಯದ ಚೀಲದಲ್ಲಿ ಕಟ್ಟಿಕೊಡಿ. ಗದ್ದೆ ಬದಿಯ ಕೊಪ್ಪಲಿನಲ್ಲಿ ನೀರೂ ಮರೆಯೂ ಇಲ್ಲದ್ದರಿಂದ ಅವರಿಗೆ ಬಟ್ಟೆ ಪ್ಯಾಡ್ ಬೇಡ. ಒಂದು ದಿನ ತಪ್ಪಿದರೆ ಮುಕಾದಮನ (ಕೂಲಿಗಾರರ ಗುತ್ತಿಗೆದಾರನ) ದಂಡ ಬೀಳುವ ಈ ಕೆಲಸದಲ್ಲಿ, ಮುಟ್ಟಿನ ಕಾಟವೇ ಬೇಡವೆಂದು ಬೀಡ್ ಜಿಲ್ಲೆಯ ಹೆಂಗಸರು ಸಣ್ಣ ವಯಸ್ಸಿಗೇ ಗರ್ಭಕೋಶ ತೆಗೆಸಿಕೊಂಡ ಸುದ್ದಿ 2019ರಲ್ಲಿ ಹೊರಬಂದು, ರಾಜ್ಯ ಸರ್ಕಾರ ನೀಲಂ ಗೋರ್ಹೆ ಅವರ ನೇತೃತ್ವದಲ್ಲಿ ಸಮಿತಿ ರಚಿಸಬೇಕಾಯಿತು. ತಾಯಂದಿರ ಜೊತೆ ಮಾತಾಡುವಾಗ ಈ ವಿಷಯ ಬಿಡಬೇಡಿ.

ಒಂದು ಕಂಪನಿ ನಮ್ಮ ದತ್ತು ಶಾಲೆಗೆ ಪ್ಯಾಡ್ ಸುಡುವ ಯಂತ್ರ ಕೊಡುತ್ತದಂತೆ. ತೆಗೆದುಕೊಳ್ಳೋಣವೇ?
– ಎಂಜಿನಿಯರ್, ಚಿಂಚವಡ

ನಾಲ್ಕು ಪ್ರಶ್ನೆ ಕೇಳಿ: ಒಳಗಿನ ಶಾಖ ಎಷ್ಟು, ಹೊಗೆಕೊಳವೆ ಛಾವಣಿಯ ಮೇಲೆ ಹೋಗುತ್ತದೆಯೇ, ಶಾಲೆಯಲ್ಲಿ ಕರೆಂಟು ಎಷ್ಟು ಹೊತ್ತು ಇರುತ್ತದೆ, ಬೂದಿ ತೆಗೆಯುವವರು ಯಾರು. ಪ್ಯಾಡಿನಲ್ಲಿ ಪ್ಲಾಸ್ಟಿಕ್ ಹಾಳೆ, ಜೆಲ್ ಪುಡಿ ಇರುತ್ತವೆ. 800 ಡಿಗ್ರಿಗಿಂತ ಕಡಿಮೆ ಶಾಖದಲ್ಲಿ ಅವು ಸುಡದೆ ಹೊಗೆಯುತ್ತವೆ, ವಿಷ ಅನಿಲ ಬರುತ್ತದೆ. ಗೋಡೆಗೆ ನೇತುಹಾಕುವ ಸಣ್ಣ ಡಬ್ಬಿಗಳು ಹೆಚ್ಚಾಗಿ ಇಲ್ಲೇ ಸೋಲುತ್ತವೆ. ಒಂದೇ ಸಲಕ್ಕೆ ಹತ್ತು ಒದ್ದೆ ಪ್ಯಾಡ್ ತುರುಕಿದರೆ ಕಾಯಿಲ್ ಸುಟ್ಟುಹೋಗಿ, ಮೂರನೆಯ ತಿಂಗಳಿಗೆ ಅದರ ಮೇಲೆ ಪೊರಕೆ ಇಡುತ್ತಾರೆ.

ಕಸದ ಗಾಡಿ ಬರುವ ಊರಾದರೆ ಮುಚ್ಚಳದ ಡಬ್ಬಿ ಮತ್ತು ಹಳೆ ಪತ್ರಿಕೆ ಸಾಕು. ಪುಣೆಯಲ್ಲಿ ಸ್ವಚ್ಛ್ ಸಹಕಾರಿ ಸಂಘದ ಕಸ ಆಯುವ ಮಹಿಳೆಯರು ನಡೆಸಿದ ಕೆಂಪು ಚುಕ್ಕೆ ಅಭಿಯಾನ ಹೇಳಿದ್ದೂ ಇಷ್ಟೇ: ಕಾಗದದಲ್ಲಿ ಸುತ್ತಿ, ಮೇಲೊಂದು ಕೆಂಪು ಚುಕ್ಕೆ ಹಾಕಿ, ಬೇರೆಯಾಗಿ ಕೊಡಿ. ಬಿಚ್ಚಿ ನೋಡುವ ಕಷ್ಟ ಆ ಕೈಗಳಿಗೆ ತಪ್ಪುತ್ತದೆ. ಗಾಡಿ ಬಾರದ ಊರಿನಲ್ಲಿ 1 ಮೀಟರ್ ಉದ್ದ, ಅಷ್ಟೇ ಅಗಲ, ಒಂದೂವರೆ ಮೀಟರ್ ಆಳದ ಗುಂಡಿ, ಬಾವಿಯಿಂದ ಕನಿಷ್ಠ 30 ಮೀಟರ್ ದೂರ, ಮೇಲೆ ನಾಯಿ ಎಳೆಯಲಾಗದ ಮುಚ್ಚಳ. ವಾರಕ್ಕೊಮ್ಮೆ ಮಣ್ಣು ಹಾಕಬೇಕು. ಪ್ಲಾಸ್ಟಿಕ್ ಅಲ್ಲಿ ಕೊಳೆಯುವುದಿಲ್ಲ ಎಂಬುದು ಈ ಉಪಾಯದ ಕೊರತೆ, ಬಟ್ಟೆ ಪ್ಯಾಡನ್ನು ಆರು ತಿಂಗಳಾದರೂ ಬಳಸಿ ಎನ್ನುವುದಕ್ಕೆ ಅದೂ ಒಂದು ಕಾರಣ.

8ನೇ ತರಗತಿಯವರಿಗೆ ಮುಟ್ಟಿನ ಕಪ್ ಕೊಡಬಹುದೇ?
– ತಾಯಿಯೊಬ್ಬರು, ವಾಸ್ಕೊ

ಬಳಸಬಹುದು, ಅಪಾಯವಿಲ್ಲ. ಆದರೆ ಶಾಲೆಯಲ್ಲಿ ಒಟ್ಟಾಗಿ ಹಂಚುವ ವಸ್ತು ಅದಲ್ಲ. ಒಳಗೆ ಇಟ್ಟುಕೊಳ್ಳಲು ಕಲಿಸುವವರು ಬೇಕು, ಪ್ರತಿ ತಿಂಗಳು ಐದು ನಿಮಿಷ ಕುದಿಸಲು ಬೇರೆ ಪಾತ್ರೆ ಬೇಕು, ಮನೆಯವರ ಒಪ್ಪಿಗೆ ಬೇಕು. ಕೇಳಿ ಬಂದವಳಿಗೆ ಕೊಡಿ. ಗೋವಾದಲ್ಲೇ ಡಿಚೋಲಿ ತಾಲೂಕಿನ ಮಹಿಳಾ ಸ್ವಸಹಾಯ ಗುಂಪು ಪೈನ್ ಮರದ ತಿರುಳಿನಿಂದ ಮಣ್ಣಿನಲ್ಲಿ ಕರಗುವ ಪ್ಯಾಡ್ ತಯಾರಿಸಿದೆ, ಅಂಥದ್ದನ್ನು ಮೊದಲು ನೋಡಿ.

ಸ್ರಾವ ಎಷ್ಟಾದರೆ ಡಾಕ್ಟರ ಬಳಿ ಕರೆದೊಯ್ಯಬೇಕು?
– ಅಂಗನವಾಡಿ ಕಾರ್ಯಕರ್ತೆ, ಅಕ್ಕಲಕೋಟೆ ಮೂಲದವರು, ಈಗ ಪುಣೆ

ಏಳು ದಿನ ದಾಟಿದರೆ, ಒಂದೆರಡು ಗಂಟೆಗೇ ಪ್ಯಾಡ್ ತೊಯ್ದು ಹೋಗುತ್ತಿದ್ದರೆ, ರೂಪಾಯಿ ನಾಣ್ಯಕ್ಕಿಂತ ದೊಡ್ಡ ಗಡ್ಡೆ ಬೀಳುತ್ತಿದ್ದರೆ, ತಡಮಾಡಬೇಡಿ. ಮೊದಲ ಎರಡು ವರ್ಷ 21 ದಿನಕ್ಕೋ 45 ದಿನಕ್ಕೋ ಬರುವುದು ಸಹಜ. 15 ತುಂಬಿದರೂ ಮುಟ್ಟಾಗದಿದ್ದರೆ ತೋರಿಸಿ. ಹೊಟ್ಟೆನೋವಿಗೆ ಬಿಸಿನೀರಿನ ಚೀಲ ಕೆಲಸ ಮಾಡುತ್ತದೆ. ತರಗತಿಯಲ್ಲಿ ಕೂರಲಾಗದಷ್ಟು ನೋವನ್ನು "ಹೆಣ್ಣಿಗೆ ಇದ್ದದ್ದೇ" ಎಂದು ತಳ್ಳಬೇಡಿ. 12ರಿಂದ ಮೇಲಿನ ಹುಡುಗಿಗೆ ಹಿಮೋಗ್ಲೋಬಿನ್ 12 ಗ್ರಾಂಗಿಂತ ಕಡಿಮೆ ಎಂದರೆ ರಕ್ತಹೀನತೆ. ಶಾಲೆಯಲ್ಲಿ ವಾರಕ್ಕೊಂದು ಕೊಡುವ ನೀಲಿ ಕಬ್ಬಿಣದ ಮಾತ್ರೆಯನ್ನು ಬರಿಹೊಟ್ಟೆಯಲ್ಲಿ ನುಂಗಿದ ಹುಡುಗಿ ವಾಕರಿಸಿ ಮುಂದೆ ಬಿಸಾಡುತ್ತಾಳೆ. ಮಧ್ಯಾಹ್ನದ ಊಟದ ನಂತರ ಕೊಡಿಸಿ, ಒಂದು ಗಂಟೆ ಚಹಾ ಬೇಡ. ಮಲ ಕಪ್ಪಾಗುತ್ತದೆ, ಹೆದರಬೇಡ ಎಂದು ಮೊದಲೇ ಹೇಳಿ.

ಗಂಡಸರು ಇಂಥ ಕೆಲಸಕ್ಕೆ ಹೋಗಬಹುದೇ? ಹುಡುಗರಿಗೂ ಹೇಳಬೇಕೇ?
– ಓದುಗರು, ಕಾಂದಿವಲಿ

ಎರಡಕ್ಕೂ ಹೌದು. ಹುಡುಗಿಯರ ಜೊತೆ ಮಾತು ಹೆಂಗಸರೇ ಆಡಲಿ. ನಲ್ಲಿ, ಗುಂಡಿ, ಪಂಚಾಯಿತಿ ಓಡಾಟ ನಿಮ್ಮದು. ಹುಡುಗರಿಗೆ ಬೇರೆ ಕೋಣೆಯಲ್ಲಿ ಅರ್ಧ ಗಂಟೆ ವಿಜ್ಞಾನ ಪಾಠದಂತೆ ಹೇಳಿ. ಮರಾಠಿ ಮನೆಗಳಲ್ಲಿ "ಕಾಗೆ ಮುಟ್ಟಿತು" ಎನ್ನುತ್ತಾರೆ, ನಮ್ಮಲ್ಲಿ "ಹೊರಗೆ ಕೂತಿದ್ದಾಳೆ". ಒಗಟಿನಂತೆ ಕೇಳಿದ್ದನ್ನೇ ಹುಡುಗರು ಗೇಲಿಗೆ ಬಳಸುವುದು. ಲಂಗದ ಕಲೆ ನೋಡಿ ಒಬ್ಬ ನಕ್ಕರೂ ಆ ಹುಡುಗಿ ಮರುತಿಂಗಳು ಐದು ದಿನ ಮನೆಯಲ್ಲಿ ಉಳಿಯುತ್ತಾಳೆ.

ನಮ್ಮೂರ ಶಾಲೆಯ ಹುಡುಗಿಯರ ಶೌಚಾಲಯಕ್ಕೆ ಚಿಲಕವಿಲ್ಲ, ನೀರಿಲ್ಲ. ಊರು ದಕ್ಷಿಣ ಸೋಲಾಪುರದಲ್ಲಿ, ನಾವು ಮುಂಬಯಿಯಲ್ಲಿ. ಯಾರನ್ನು ಕೇಳುವುದು?
– ಹೋಟೆಲ್ ನೌಕರ, ಘಾಟಕೋಪರ್

ಗ್ರಾಮ ಪಂಚಾಯಿತಿಯನ್ನು. 15ನೇ ಹಣಕಾಸು ಆಯೋಗ 2021ರಿಂದ 26ರ ಅವಧಿಗೆ ಪಂಚಾಯಿತಿಗಳಿಗೆ ಕೊಟ್ಟ ಅನುದಾನದಲ್ಲಿ ಶೇ. 60 ನೀರು ಮತ್ತು ನೈರ್ಮಲ್ಯಕ್ಕೇ ಮೀಸಲಾಗಿತ್ತು. ಅದರಲ್ಲಿ ಖರ್ಚಾಗದೆ ಉಳಿದದ್ದೆಷ್ಟು, ಶಾಲೆಯ ಪಾಲಿಗೆ ಬಂದದ್ದೆಷ್ಟು ಎಂದು ಲಿಖಿತವಾಗಿ ಕೇಳಿ. ಪಂಚಾಯಿತಿಯ ಸ್ವಂತ ಆದಾಯದ ಶೇ. 10 ಮಹಿಳಾ ಮತ್ತು ಬಾಲಕಲ್ಯಾಣಕ್ಕೆ ಎಂಬ ನಿಯಮವೂ ಮಹಾರಾಷ್ಟ್ರದಲ್ಲಿದೆ. ಅರ್ಜಿಯನ್ನು ಮರಾಠಿಯಲ್ಲಿ, ಊರಲ್ಲಿರುವ ನಿಮ್ಮ ಅಕ್ಕನೋ ಅತ್ತಿಗೆಯೋ ಸಹಿ ಮಾಡಿ, ಗ್ರಾಮಸಭೆಗೆ ಮೊದಲು ನಡೆಯುವ ಮಹಿಳಾ ಸಭೆಯಲ್ಲಿ ಕೊಡಲಿ. ಇನ್ನೊಂದು ಪ್ರತಿ ಶಾಲಾ ವ್ಯವಸ್ಥಾಪನ ಸಮಿತಿಗೆ. ಎರಡಕ್ಕೂ "ಪೋಚ್", ಅಂದರೆ ಅರ್ಜಿ ತಲುಪಿದ್ದಕ್ಕೆ ಸಹಿ, ಹಾಕಿಸಿಕೊಳ್ಳಬೇಕು, ಇಲ್ಲದಿದ್ದರೆ ಅರ್ಜಿ ಬಂದೇ ಇಲ್ಲ ಎನ್ನುತ್ತಾರೆ.

"ಶೌಚಾಲಯ ದುರಸ್ತಿ ಮಾಡಿ" ಎಂದಷ್ಟೇ ಬರೆದರೆ ಸುಣ್ಣ ಬಳಿದು ಬಿಲ್ಲು ಮಾಡುತ್ತಾರೆ. ವಸ್ತುವಾರು ಬರೆಯಿರಿ: ಛಾವಣಿಯ ಮೇಲೆ 500 ಲೀಟರ್ ಟ್ಯಾಂಕ್, ಶೌಚಾಲಯದ ಒಳಗೇ ನಲ್ಲಿ, ಬಕೆಟ್ ಮತ್ತು ಮಗ್, ಚೀಲ ನೇತುಹಾಕಲು ಗೋಡೆಗೆ ಎರಡು ಕೊಕ್ಕೆ, ಪ್ಯಾಡ್ ಇಡಲು ಒಣ ಕಟ್ಟೆ, ಮುಚ್ಚಳದ ಡಬ್ಬಿ, ಬೆಳಕಿಗೆ ಎತ್ತರದ ಜಾಳಿ. ಬಾಗಿಲಿಗೆ ಒಳಗಿನಿಂದ ಹಾಕುವ ಕಬ್ಬಿಣದ ಚಿಲಕ, ಚೌಕಟ್ಟಿಗೆ ಸ್ಕ್ರೂ ಹಾಕಿ ಕೂರಿಸಿದ್ದು, ನೆಲದಿಂದ ಒಂದು ಮೀಟರ್ ಎತ್ತರದಲ್ಲಿ, 5ನೇ ತರಗತಿಯ ಹುಡುಗಿಯ ಕೈಗೆ ಎಟಕುವಂತೆ.